ಪ್ರಸಂಗಿಯ ಟೊಪ್ಪಿಗೆಯಲ್ಲಿದ್ದ ಚುಟ್ಟಗಳು

ಜಾನ್ ಗಾಫನ ಚರಿತ್ರೆ

ಗುಬ್ಬಿ ಎಂಬ ಊರಿನ ಹೆಸರನ್ನು ಕೇಳಿದ ಕೂಡಲೇ ಕನ್ನಡಿಗರ ಮನಸ್ಸಿಗೆ ನಾಟಕವು ಬರುವದು. 1884ರಲ್ಲಿ ಅಲ್ಲಿ ಹುಟ್ಟಿದ ಕಂಪನಿಯನ್ನೂ, ಅದನ್ನು ನಾಡಿನಲ್ಲೆಲ್ಲಾ ಪ್ರಸಿದ್ಧಿಪಡಿಸಿದ ವೀರಣ್ಣನವರನ್ನೂ ಅರಿಯದವರು ನಮ್ಮ ಸೀಮೆಯಲ್ಲಿ ಇಲ್ಲ. ಒಳ್ಳೇ ನಟನು ಬರೀ ಕೈಯನ್ನು ಚಾಚಿ ತೋರಿಸಿದರೆ ಸಾಕು. ಇಲ್ಲದ ಹೊಳೆಯು ಕಣ್ಣ ಮುಂದೆ ಹರಿಯುವದು, ಇಲ್ಲದ ಸರ್ಪಕ್ಕೆ ಹೆದರಿ ಮಕ್ಕಳು ತಾಯಿಯ ಸೆರಗನ್ನು ಹಿಡಿದುಕೊಳ್ಳುವರು. ಇಂಥ ಶಕ್ತಿಯುಳ್ಳವನೊಬ್ಬನು ಆ ಶಕ್ತಿಯನ್ನೆಲ್ಲಾ ಜನರನ್ನು ದುಶ್ಚಟಗಳಿಂದ ಬಿಡಿಸುವದಕ್ಕೆ ಮುಡಿಪಾಗಿಟ್ಟರೆ ಏನಾದೀತು? ಹಾಗೆ ಮುಡಿಪಾಗಿಟ್ಟ ಒಬ್ಬನ ಚರಿತ್ರೆಯನ್ನು ಈ ತಿಂಗಳು ಬರೆಯುತ್ತೇವೆ. ಆತನ ಹೆಸರು ಜಾನ್ ಬಾರ್ಥಲೊಮ್ಯೂ ಗಾಫ್.

ಗಾಫನು ನಮ್ಮ ದೇಶದಲ್ಲಿ ಕೆಲಸಮಾಡಿದವನಲ್ಲ. ಆದಾಗ್ಯೂ ಆತನ ಚರಿತ್ರೆಯನ್ನು ಆರಿಸಿಕೊಂಡದ್ದಕ್ಕೆ ಕಾರಣವುಂಟು. ತುಮಕೂರು, ಗುಬ್ಬಿ, ಕುಣಿಗಲ್ ಕಡೆಯ ಯಾವ ಹಳ್ಳಿಯ ಜಗಲಿಯ ಮೇಲೆ ಸಂಜೆಯ ಹೊತ್ತು ಕೂತರೂ ಬೀಡಿಯ ಹೊಗೆಯು ಮೂಗಿಗೆ ತಾಕುವದು; ಎಲೆಯಡಿಕೆಯ ತಟ್ಟೆಯಲ್ಲಿ ಸುಣ್ಣದ ಪಕ್ಕಕ್ಕೆ ಒಂದು ಚೂರು ಹೊಗೇಸೊಪ್ಪು ಇರುವದು. ಹೆಂಡವನ್ನು ಕೇಡೆಂದು ಬಿಟ್ಟವರು ಸಹ ಹೊಗೇಸೊಪ್ಪನ್ನು ಬಡವನ ಸ್ನೇಹಿತನೆಂದು ಹತ್ತಿರ ಇಟ್ಟುಕೊಂಡಿರುವರು. ಗಾಫನೂ ಹಾಗೆಯೇ ಇಟ್ಟುಕೊಂಡಿದ್ದನು. ಆ ಸ್ನೇಹಿತನು ಎರಡು ಸಾವಿರ ಮಕ್ಕಳ ಎದುರಿನಲ್ಲಿ ಆತನ ಮಾನವನ್ನು ಹೇಗೆ ಕಳೆದನೆಂಬದನ್ನು ಮುಂದೆ ಹೇಳುವೆವು. ಮೊದಲು ಆತನ ಬಾಲ್ಯವನ್ನು ನೋಡೋಣ.

ಬಡ ಮನೆ

ಜಾನ್ ಗಾಫನು 1817ನೆಯ ಇಸವಿ ಆಗಸ್ಟ್ 22ರಂದು ಇಂಗ್ಲೆಂಡಿನ ಕೆಂಟ್ ಸೀಮೆಯ ಸ್ಯಾಂಡ್‌ಗೇಟ್ ಎಂಬ ಸಮುದ್ರತೀರದ ಹಳ್ಳಿಯಲ್ಲಿ ಹುಟ್ಟಿದನು. ತಂದೆಯು ಸ್ಪೇನ್ ದೇಶದ ಯುದ್ಧಗಳಲ್ಲಿ ಕಾದಾಡಿ ಬಂದು, ಅಲ್ಪ ಪಿಂಚಣಿಯಿಂದ ಜೀವಿಸುತ್ತಿದ್ದ ಹಳೇ ಸಿಪಾಯಿ. ತಾಯಿಯು ಆ ಹಳ್ಳಿಯ ಮಕ್ಕಳಿಗೆ ಅಕ್ಷರ ಕಲಿಸುತ್ತಿದ್ದಳು; ಬಿಡುವಾದಾಗ ಜಾಲರಿಯನ್ನು ಹೆಣೆದು ಮಾರುತ್ತಿದ್ದಳು.

ಹುಡುಗನಿಗೆ ಓದುವದರಲ್ಲಿ ಅಪೂರ್ವವಾದ ಸ್ವರವೂ ಭಾವವೂ ಇದ್ದವು. ಸಮುದ್ರದ ಗಾಳಿಗಾಗಿ ಬಂದ ದೊಡ್ಡ ಮನುಷ್ಯರು ಆತನಿಂದ ಓದಿಸಿ ಕೇಳುತ್ತಿದ್ದರು. ಗುಲಾಮರ ವ್ಯಾಪಾರವನ್ನು ನಿಲ್ಲಿಸುವದಕ್ಕೆ ಹೆಣಗಿದ ವಿಲಿಯಮ್ ವಿಲ್ಬರ್‌ಫೋರ್ಸನು ಸಹ ಈ ಬಾಲಕನ ಓದನ್ನು ಕೇಳಿ ಮೆಚ್ಚಿ ಒಂದು ಪುಸ್ತಕವನ್ನು ಕೊಟ್ಟನು. ಒಂದು ದಿನ ತಾಯಿಯು ಜಾಲರಿಯನ್ನು ಮಾರುವದಕ್ಕೆ ಡೋವರ್ ಪಟ್ಟಣಕ್ಕೆ ನಡೆದುಹೋಗಿ, ಒಂದು ಮೊಳವೂ ಮಾರಾಟವಾಗದೆ ಕಾಲು ಸೋತು ಮನೆಗೆ ಬಂದು ಅಳುತ್ತಾ ಕೂತಳು. ಅದೇ ದಿನ ಓದಿದ್ದಕ್ಕಾಗಿ ಮಗನಿಗೆ ಬಹುಮಾನವಾಗಿ ಹಣ ಸಿಕ್ಕಿತ್ತು. ಅದನ್ನು ಹುಡುಗನು ತಾಯಿಯ ಮಡಿಲಿಗೆ ಹಾಕಿದನು. ಹುಟ್ಟಿನಿಂದ ಆತನು ಕೆಟ್ಟವನಾಗಿರಲಿಲ್ಲವೆಂಬದಕ್ಕೆ ಇದೊಂದೇ ಸಾಕು.

ಮಗನಿಗೆ ಒಂದು ಕಸುಬನ್ನು ಕಲಿಸುವಷ್ಟು ಹಣವು ತಂದೆತಾಯಿಗಳಲ್ಲಿ ಇರಲಿಲ್ಲ. ಆದದರಿಂದ 1829ರಲ್ಲಿ, ಹನ್ನೆರಡನೆಯ ವಯಸ್ಸಿನಲ್ಲಿ, ಅಮೆರಿಕಾಕ್ಕೆ ಹೊರಟ ಒಂದು ಕುಟುಂಬದ ಸಂಗಡ ಆತನನ್ನು ಕಳುಹಿಸಿದರು. ಹಡಗು ಗಾಳಿಯಿಲ್ಲದೆ ಸ್ಯಾಂಡ್‌ಗೇಟಿನ ಎದುರಿಗೇ ನಿಂತಿತು. ನಡುರಾತ್ರಿಯಲ್ಲಿ ತಾಯಿಯೂ ತಂಗಿಯೂ ದೋಣಿ ಮಾಡಿಸಿಕೊಂಡು ಬಂದು ಆತನನ್ನು ಇನ್ನೊಮ್ಮೆ ಅಪ್ಪಿಕೊಂಡು ಹೋದರು.

ಆತನು ಎರಡು ವರುಷ ಹೊಲದ ಕೆಲಸವನ್ನು ಮಾಡಿ, 1831ರ ಕೊನೆಯಲ್ಲಿ ನ್ಯೂಯಾರ್ಕ್ ಪಟ್ಟಣಕ್ಕೆ ಹೋಗಿ, ಮೆಥೊಡಿಸ್ಟ್ ಸಭೆಯವರ ಪುಸ್ತಕಶಾಲೆಯಲ್ಲಿ ಪುಸ್ತಕಗಳಿಗೆ ರಟ್ಟು ಹಾಕುವ ಕೆಲಸಕ್ಕೆ ಸೇರಿದನು. 1833ರಲ್ಲಿ ತಾಯಿಯನ್ನೂ ತಂಗಿಯನ್ನೂ ಕರಿಸಿಕೊಂಡನು. ತಂದೆಯು ಪಿಂಚಣಿ ತಪ್ಪೀತೆಂದು ಅಲ್ಲಿಯೇ ಉಳಿದನು. ಆ ಚಳಿಗಾಲದಲ್ಲಿ ಕೆಲಸ ನಿಂತು, ಮೂವರೂ ಒಂದು ಅಟ್ಟದ ಕೋಣೆಯಲ್ಲಿ ಸೌದೆಯೂ ರೊಟ್ಟಿಯೂ ಸಾಲದೆ ಕಷ್ಟಪಟ್ಟರು. 1834ರ ಬೇಸಗೆಯ ಒಂದು ಸಂಜೆ ಮಗನು ಹಾಲನ್ನ ಮಾಡಿಡೆಂದು ತಾಯಿಗೆ ಹೇಳಿ ಈಜುವದಕ್ಕೆ ಹೋದನು. ತಿರುಗಿ ಬರುವದರೊಳಗೆ ತಾಯಿಯು ಒಲೆಯ ಬಳಿಯಲ್ಲಿಯೇ ಬಿದ್ದು ಸತ್ತಿದ್ದಳು. ಬಡವರನ್ನು ಹೂಣುವ ನೆಲಕ್ಕೆ ಹೆಣದ ಬಂಡಿಯು ಹೋಗುತ್ತಿದ್ದಾಗ ಅದರ ಹಿಂದೆ ನಡೆದುಹೋದವರು ಆ ಅಣ್ಣ ತಂಗಿ ಇಬ್ಬರೇ.

ಕೆಳಕ್ಕೆ ಇಳಿದ ದಾರಿ

ತಾಯಿಯು ಹೋದ ಮೇಲೆ ಆತನನ್ನು ತಡೆಯುವವರು ಇಲ್ಲವಾದರು. ಹಾಡು, ಹಾಸ್ಯ, ಬೇರೆಯವರ ಧ್ವನಿಯನ್ನು ಅನುಕರಿಸುವ ಚಾತುರ್ಯ, ಇವೆಲ್ಲಾ ಆತನಲ್ಲಿ ಇದ್ದವು. ಇಂಥವನನ್ನು ಹೆಂಡದಂಗಡಿಯವರು ಬಿಡುವರೇ? ಒಂದು ಹಾಡಿಗೆ ಒಂದು ಲೋಟ ಎಂಬಂತೆ ಕುಡಿಸಿದರು. ಆತನು ಕೀಳುತರದ ನಾಟಕಶಾಲೆಗಳಲ್ಲಿ ಹಾಸ್ಯದ ಪಾತ್ರಗಳನ್ನು ಕಟ್ಟಿದನು. 1837ರಲ್ಲಿ ಬಾಸ್ಟನ್ ಪಟ್ಟಣದಲ್ಲಿ ಮದ್ಯವರ್ಜನದ ಸಂಘದವರನ್ನು ಪರಿಹಾಸ್ಯ ಮಾಡುವ ಒಂದು ನಾಟಕದಲ್ಲಿಯೂ ಕುಣಿದನು. ಆ ನಾಟಕದಲ್ಲಿ ಅಪಹಾಸ್ಯಕ್ಕೆ ಗುರಿಯಾದವರಲ್ಲಿ ಮೋಸೆಸ್ ಗ್ರಾಂಟ್ ಎಂಬ ಸಭಾಸೇವಕನೂ ಒಬ್ಬನು. ಇದೇ ಗ್ರಾಂಟನು ಮುಂದೆ ಗಾಫನಿಗೆ ಆಪ್ತಸ್ನೇಹಿತನಾಗುವನೆಂದು ಆಗ ಯಾರು ಹೇಳಬಲ್ಲವರಾಗಿದ್ದರು?

ಆ ಕಾಲದಲ್ಲಿಯೇ ನಮ್ಮ ಗುಬ್ಬಿಯಲ್ಲಿ ನಡೆದದ್ದನ್ನು ಇಲ್ಲಿ ನೆನಪಿಗೆ ತರುವದು ಯುಕ್ತವಾಗಿದೆ. 1839ರಲ್ಲಿ ವಿಲಿಯಮ್ ಆರ್ಥರ್ ಎಂಬ ಇಪ್ಪತ್ತು ವರುಷದ ತರುಣನು ವೆಸ್ಲಿಯನ್ ಮಿಶನಿನ ಕೆಲಸಕ್ಕಾಗಿ ಐರ್ಲೆಂಡಿನ ನೆಲವನ್ನು ಬಿಟ್ಟು ಬಂದು, ಗುಬ್ಬಿಯಲ್ಲಿ ನೆಲೆಸಿ, ಕಣ್ಣು ನೋಯುವಷ್ಟು ಕನ್ನಡವನ್ನು ಓದಿದನು. 1841ರಲ್ಲಿ ಕಣ್ಣಿನ ಬೇನೆಯಿಂದಲೇ ಆತನು ಹಿಂದಿರುಗಬೇಕಾಯಿತು. ಗಾಫನು ಆರ್ಥರನಿಗಿಂತ ಎರಡೇ ವರುಷ ದೊಡ್ಡವನು. ಒಬ್ಬನು ಪರರ ಭಾಷೆಗಾಗಿ ಕಣ್ಣನ್ನು ಸವೆಸುತ್ತಿದ್ದಾಗ ಇನ್ನೊಬ್ಬನು ಹೆಂಡಕ್ಕಾಗಿ ಕಂಠವನ್ನು ಮಾರಿಕೊಳ್ಳುತ್ತಿದ್ದನು. ಆದರೂ ಒಬ್ಬ ಮನುಷ್ಯನ ಲೆಕ್ಕವನ್ನು ಇಪ್ಪತ್ತೆರಡನೆಯ ವಯಸ್ಸಿನಲ್ಲಿಯೇ ಮುಗಿಸಿಬಿಡಬಾರದು.

ಗಾಫನು ಮದುವೆಯಾಗಿ ವರ್ಸೆಸ್ಟರ್ ಎಂಬ ಊರಿನಲ್ಲಿ ಸಂಸಾರ ಹೂಡಿದನು. ಕುಡಿತವು ಹೆಚ್ಚಿತು. ಹೆಂಡತಿಯೂ ಎಳೇ ಕೂಸೂ ಸತ್ತರು. ಕೈ ನಡುಗುತ್ತಿದ್ದದರಿಂದ ರಟ್ಟಿನ ಮೇಲೆ ಚಿನ್ನದ ಅಕ್ಷರಗಳನ್ನು ಒತ್ತುವದು ಆಗದೆ ಕಸುಬೂ ಕೆಟ್ಟಿತು. ಮೈಮೇಲಿನ ಬಟ್ಟೆ ಹರಿಯಿತು. ಜನರು ಆತನನ್ನು ಕಂಡರೆ ಬೀದಿಯ ಆಚೆ ಬದಿಗೆ ಸರಿದುಹೋಗುತ್ತಿದ್ದರು.

ಹೆಗಲ ಮೇಲೆ ಒಂದು ಕೈ

1842ರ ಅಕ್ಟೋಬರ್ ತಿಂಗಳ ಒಂದು ಭಾನುವಾರದ ಸಂಜೆ ಗಾಫನು ತೂರಾಡುತ್ತಾ ಹೋಗುತ್ತಿದ್ದಾಗ ಯಾರೋ ಹಿಂದಿನಿಂದ ಮೆಲ್ಲಗೆ ಹೆಗಲನ್ನು ಮುಟ್ಟಿದರು. ತಿರುಗಿ ನೋಡಿದರೆ ಗುರುತಿಲ್ಲದವನು. ಆತನು ಜೋಯೆಲ್ ಸ್ಟ್ರಾಟನ್ ಎಂಬವನು; ಮದ್ಯವಿಲ್ಲದ ಒಂದು ಭೋಜನಶಾಲೆಯಲ್ಲಿ ಬಡಿಸುವ ಕೆಲಸದವನು. ಆತನು ಗಾಫನನ್ನು ಬಯ್ಯಲಿಲ್ಲ, ಉಪದೇಶವನ್ನೂ ಮಾಡಲಿಲ್ಲ. ಹೆಸರು ಹಿಡಿದು ಕರೆದು, ನಾಳೆ ಊರ ಸಭಾಮಂದಿರದಲ್ಲಿ ನಡೆಯುವ ಕೂಟಕ್ಕೆ ಬಂದು ಕುಡಿಯುವದಿಲ್ಲವೆಂಬ ಪ್ರತಿಜ್ಞಾಪತ್ರಕ್ಕೆ ಕೈ ಹಾಕೆಂದು ಕೇಳಿಕೊಂಡನು. ಎಷ್ಟೋ ಕಾಲದಿಂದ ಯಾರೂ ಗಾಫನ ಸಂಗಡ ಪ್ರೀತಿಯಿಂದ ಮಾತಾಡಿರಲಿಲ್ಲ. ಮಾರಣೆಯ ಸಂಜೆ ಆತನು ಹೋಗಿ, ನಡುಗುವ ಕೈಯಿಂದ ಹೆಸರು ಬರೆದನು.

ಅನಂತರದ ದಿನಗಳಲ್ಲಿ ಆತನ ಮೈಯೆಲ್ಲಾ ಹಿಂಡಿದಂತಾಯಿತು. ಇಲ್ಲದ ರೂಪಗಳು ಗೋಡೆಯ ಮೇಲೆ ಕಂಡವು. ಆದರೂ ತಾಳಿಕೊಂಡನು. ಸ್ವಲ್ಪ ಕಾಲದಲ್ಲಿ ತನ್ನ ಅನುಭವವನ್ನು ಹೇಳುವದಕ್ಕೆ ಹತ್ತಿರದ ಒಂದು ಶಾಲೆಗೆ ಆತನನ್ನು ಕರೆದರು. ಒಳಗಿನ ಬಟ್ಟೆ ಚಿಂದಿಯಾಗಿದ್ದದರಿಂದ ಹಳೇ ದಪ್ಪ ಕೋಟನ್ನು ಗದ್ದದ ತನಕ ಗುಂಡಿ ಹಾಕಿಕೊಂಡು ಹೋದನು. ಕೂತುಕೊಳ್ಳುವದಕ್ಕೆ ಕೊಟ್ಟ ಸ್ಥಳವೋ ಉರಿಯುವ ಕಬ್ಬಿಣದ ಒಲೆಯ ಪಕ್ಕದಲ್ಲಿಯೇ. ಕೋಟನ್ನು ಬಿಚ್ಚಿದರೆ ಮಾನ ಹೋಗುವದು, ಬಿಚ್ಚದಿದ್ದರೆ ಮೈ ಬೇಯುವದು. ಹಾಗೆಯೇ ಬೆವರುತ್ತಾ ನಿಂತು ಮಾತಾಡಿದನು, ಕೇಳಿದವರು ಕಣ್ಣೀರಿಟ್ಟರು. ಅಂದಿನಿಂದ ಕರೆಗಳು ಬಂದವು. ಮೊದಲನೆಯ ವರುಷದಲ್ಲಿಯೇ 383 ಸಾರಿ ಭಾಷಣ ಮಾಡಿದನು.

ಆತನು ಬೀಳಲೇ ಇಲ್ಲವೆಂದು ನಾವು ಬರೆದರೆ ಸುಳ್ಳಾಗುವದು. ಪ್ರತಿಜ್ಞೆ ಮಾಡಿದ ಕೆಲವು ತಿಂಗಳುಗಳಲ್ಲಿ ಒಂದು ಸಾರಿಯೂ, 1845ರಲ್ಲಿ ನ್ಯೂಯಾರ್ಕಿನಲ್ಲಿ ಇನ್ನೊಂದು ಸಾರಿಯೂ ಬಿದ್ದನು. ಎರಡನೆಯ ಸಾರಿ ವೈರಿಗಳು ಪತ್ರಿಕೆಗಳಲ್ಲಿ ಡಂಗುರ ಹೊಡೆದರು. ಆತನು ತನ್ನ ಸಭೆಯ ಎದುರಿಗೆ ಬಂದು ನಡೆದದ್ದನ್ನು ಅರಿಕೆಮಾಡಿಕೊಂಡನು. ಸಭೆಯವರು ಆತನನ್ನು ತಳ್ಳಿಬಿಡಲಿಲ್ಲ. 1843ರಲ್ಲಿ ಆತನನ್ನು ಮದುವೆಯಾಗಿದ್ದ ಮೇರಿ ಎಂಬ ಸಾಧ್ವಿಯೂ ಆತನ ಕೈ ಬಿಡಲಿಲ್ಲ. ಮುಂದಿನ ನಾಲ್ವತ್ತು ವರುಷಗಳಲ್ಲಿ ಮದ್ಯವು ಆತನ ನಾಲಿಗೆಗೆ ತಾಕಲಿಲ್ಲ.

ಭಾಷಣದ ರೀತಿ

ಗಾಫನು ಕಾಗದವನ್ನು ನೋಡಿ ಓದುವವನಲ್ಲ. ವೇದಿಕೆಯ ಈ ತುದಿಯಿಂದ ಆ ತುದಿಗೆ ನಡೆಯುತ್ತಾ, ಬಾಗುತ್ತಾ, ಏಳುತ್ತಾ, ಒಂದೇ ಗಳಿಗೆಯಲ್ಲಿ ಕುಡುಕನೂ, ಆತನ ಹೆಂಡತಿಯೂ, ಅಂಗಡಿಯವನೂ ಆಗಿ ಮಾರ್ಪಡುತ್ತಿದ್ದನು. ಜನರು ನಗುತ್ತಾ ನಗುತ್ತಾ ಇರುವಾಗಲೇ ಅಳು ಬರುತ್ತಿತ್ತು. ನಾಟಕಶಾಲೆಯಲ್ಲಿ ಕಲಿತದ್ದೊಂದೂ ವ್ಯರ್ಥವಾಗಲಿಲ್ಲ.

ಅಮೆರಿಕಾದ ನಯಾಗರಾ ಜಲಪಾತದ ದೃಷ್ಟಾಂತವು ಆತನ ಭಾಷಣಗಳಲ್ಲಿ ಬಹು ಪ್ರಸಿದ್ಧವಾದದ್ದು. ಜಲಪಾತಕ್ಕೆ ಬಹು ಮೇಲೆ, ನೀರು ತಿಳಿಯಾಗಿ ಹರಿಯುವಲ್ಲಿ, ಯೌವನಸ್ಥರು ದೋಣಿಯಲ್ಲಿ ನಗುತ್ತಾ ಹಾಡುತ್ತಾ ಹೋಗುತ್ತಿರುವರು. ದಡದಲ್ಲಿದ್ದವನು ಮುಂದೆ ಸೆಳವು ಇದೆಯೆಂದು ಕೂಗುವನು. ಬೇಕಾದಾಗ ತಿರುಗಿಸಿಕೊಳ್ಳುವೆವೆಂದು ಅವರು ನಗುವರು. ಇನ್ನೂ ಸ್ವಲ್ಪ ದೂರ. ಮತ್ತೆ ಕೂಗು, ಮತ್ತೆ ನಗು. ಕೊನೆಗೆ ನೊರೆಯು ಕಾಣುವದು, ಗರ್ಜನೆಯು ಕೇಳುವದು. ಆಗ ಹುಟ್ಟನ್ನು ಹಿಡಿದು ಎಳೆಯುವರು, ಎಳೆಯುವರು, ದೋಣಿಯು ತಿರುಗದು. ಇದನ್ನು ಹೇಳುವಾಗ ಗಾಫನು ವೇದಿಕೆಯ ಮೇಲೆ ಬಾಗಿ ಇಲ್ಲದ ಹುಟ್ಟನ್ನು ಎಳೆಯುತ್ತಿದ್ದನು. ಆತನ ಹಣೆಯ ನರಗಳು ಉಬ್ಬುತ್ತಿದ್ದವು. ಮುಂಗಾರಿನಲ್ಲಿ ಶಿಂಷಾ ಹೊಳೆಯ ಕೆಂಪು ನೀರಿನ ಸೆಳವನ್ನು ಕಂಡವರಿಗೆ ಈ ದೃಷ್ಟಾಂತದ ಬಲವನ್ನು ಬಿಡಿಸಿ ಹೇಳಬೇಕಾದದ್ದಿಲ್ಲ.

ಎರಡು ಸಾವಿರ ಮಕ್ಕಳ ಎದುರಿನಲ್ಲಿ

ಹೀಗೆ ಹೆಂಡದ ವಿಷಯವಾಗಿ ಗುಡುಗುತ್ತಿದ್ದ ಗಾಫನು ಹೊಗೇಸೊಪ್ಪನ್ನು ಬಿಟ್ಟಿರಲಿಲ್ಲ. ಅದು ಬೇರೆ, ಇದು ಬೇರೆ ಎಂದುಕೊಂಡಿದ್ದನು. ಆಗಿನ ಕಾಲದಲ್ಲಿ ಅನೇಕ ಒಳ್ಳೇ ಮನುಷ್ಯರು ಹಾಗೆಯೇ ನೆನಸುತ್ತಿದ್ದರು.

ಒಂದು ದಿನ ಪ್ರಾವಿಡೆನ್ಸ್ ಎಂಬ ಪಟ್ಟಣದಲ್ಲಿ ಮಧ್ಯಾಹ್ನದ ಮೇಲೆ ಮಕ್ಕಳಿಗೆ ಭಾಷಣ ಮಾಡುವದಕ್ಕೆ ಆತನನ್ನು ಕರೆದಿದ್ದರು. ಬೆಳಿಗ್ಗೆ ಒಬ್ಬ ಸ್ನೇಹಿತನು ಎದುರಾಗಿ, ತನ್ನಲ್ಲಿ ಒಳ್ಳೇ ಚುಟ್ಟಗಳಿವೆ, ಕೆಲವನ್ನು ತೆಗೆದುಕೋ ಎಂದು ಬಲವಂತ ಮಾಡಿದನು. ಇಟ್ಟುಕೊಳ್ಳುವದಕ್ಕೆ ಸ್ಥಳವಿಲ್ಲವೆಂದು ಗಾಫನು ಹೇಳಿದನು. ಟೊಪ್ಪಿಗೆಯೊಳಗೆ ಇಟ್ಟುಕೋ ಎಂದು ಸ್ನೇಹಿತನು ಉಪಾಯ ಹೇಳಿಕೊಟ್ಟನು. ಗಾಫನು ಆರು ಚುಟ್ಟಗಳನ್ನು ಟೊಪ್ಪಿಗೆಯೊಳಗಿಟ್ಟು ತಲೆಯ ಮೇಲೆ ಹಾಕಿಕೊಂಡನು. ಆಮೇಲೆ ಅವುಗಳನ್ನು ಮರೆತೇಬಿಟ್ಟನು.

ಕೂಟವು ದೇವಾಲಯದ ಹಿಂದಿನ ಹುಲ್ಲುಬಯಲಿನಲ್ಲಿ ಕೂಡಿತು. ಎರಡು ಸಾವಿರಕ್ಕೆ ಹೆಚ್ಚು ಮಕ್ಕಳು ಸೇರಿದ್ದರು. ಬಯಲಾದದರಿಂದ ಶೀತವಾದೀತೆಂದು ಗಾಫನು ಟೊಪ್ಪಿಗೆಯನ್ನು ತೆಗೆಯದೆ ಮಾತಾಡಿದನು. ಕೆಟ್ಟ ಸಹವಾಸ, ಕೆಟ್ಟ ಅಭ್ಯಾಸ, ಹೆಂಡದಂಗಡಿ ಇವುಗಳಿಂದ ದೂರವಿರಬೇಕೆಂದು ಮನಮುಟ್ಟುವಂತೆ ಹೇಳಿದನು. ಮಕ್ಕಳು ಬಾಯಿ ತೆರೆದು ಕೇಳಿದರು. ಕೊನೆಗೆ ಹುರುಪೇರಿ, ಮದ್ಯವರ್ಜನಕ್ಕೂ ತಣ್ಣೀರಿಗೂ ಮೂರು ಸಾರಿ ಜಯಕಾರ ಹಾಕೋಣವೆಂದು ಹೇಳಿ, ತಾನೇ ಮೊದಲು ಕೂಗುತ್ತಾ, ಟೊಪ್ಪಿಗೆಯನ್ನು ತೆಗೆದು ಗಾಳಿಯಲ್ಲಿ ಬೀಸಿದನು. ಚುಟ್ಟಗಳು ಹಾರಿ ಮಕ್ಕಳ ನಡುವೆ ಬಿದ್ದವು!

ಎರಡನೆಯ ಜಯಕಾರವು ನಗುವಿನಲ್ಲಿ ಮುಳುಗಿಹೋಯಿತು. ವೇದಿಕೆಯ ಹಲಿಗೆಗಳು ಬಾಯಿಬಿಟ್ಟು ತನ್ನನ್ನು ನುಂಗಬಾರದೇ ಎಂದು ಗಾಫನಿಗೆ ಅನಿಸಿತು. ಅಷ್ಟು ಸಾಲದೆಂಬಂತೆ ಒಬ್ಬ ಚಿಕ್ಕ ಹುಡುಗನು ಮೆಟ್ಟಲುಗಳನ್ನು ಹತ್ತಿ ಬಂದು, ಬಿದ್ದಿದ್ದ ಒಂದು ಚುಟ್ಟವನ್ನು ವಿನಯದಿಂದ ಆತನ ಕೈಗೆ ಕೊಟ್ಟು, ಇದು ತಮ್ಮದು ಎಂದು ಹೇಳಿದನು. ಆ ಹುಡುಗನು ಪರಿಹಾಸ್ಯಕ್ಕಾಗಿ ಬಂದವನಲ್ಲ. ಬಿದ್ದ ವಸ್ತುವನ್ನು ಒಡೆಯನಿಗೆ ತಲಪಿಸಬೇಕೆಂದು ಕಲಿತಿದ್ದವನು. ಇದಕ್ಕಿಂತ ಕಠಿಣವಾದ ಬುದ್ಧಿವಾದವು ಗಾಫನಿಗೆ ಜೀವಮಾನದಲ್ಲಿ ಸಿಕ್ಕಿರಲಾರದು.

ಅಂದೇ ಆತನು ಚುಟ್ಟವನ್ನು ಬಿಟ್ಟನೆಂದು ವಾಚಕರು ನಿರೀಕ್ಷಿಸಬಹುದು. ಹಾಗಾಗಲಿಲ್ಲ. ಅಂದಿನಿಂದ ಕೂಟಗಳಿಗೆ ಹೋಗುವಾಗ ಟೊಪ್ಪಿಗೆಯಲ್ಲಿ ಚುಟ್ಟಗಳನ್ನು ಇಟ್ಟುಕೊಳ್ಳುವದನ್ನು ಮಾತ್ರ ಬಿಟ್ಟನು. ಸೇದುವದನ್ನು ಪೂರಾ ಬಿಡುವದಕ್ಕೆ ಇನ್ನೂ ಕೆಲವು ಕಾಲ ಹಿಡಿಯಿತು. ಇದನ್ನು ಆತನೇ ನಾಚಿಕೆಯಿಂದ ತನ್ನ ಚರಿತ್ರೆಯಲ್ಲಿ ಬರೆದಿಟ್ಟಿರುವನು. ಬರೆಯದೆ ಇದ್ದಿದ್ದರೆ ನಮಗೆ ತಿಳಿಯುತ್ತಲೂ ಇರಲಿಲ್ಲ.

ಇಲ್ಲಿ ನಮ್ಮದನ್ನೂ ಒಂದು ಮಾತು ಹೇಳದಿದ್ದರೆ ನಾವು ಟೊಪ್ಪಿಗೆಯನ್ನು ತೆಗೆಯದೆ ಮಾತಾಡಿದಂತಾಗುವದು. ಸೆಮಿನರಿಯಲ್ಲಿ ಓದುತ್ತಿದ್ದ ದಿನಗಳಲ್ಲಿ ನಾವು ಬೀಡಿಯನ್ನು ಕಲಿತೆವು. ಕೆಲಸಕ್ಕೆ ಬಂದ ಮೇಲೆಯೂ ಹಳ್ಳಿಯಿಂದ ಹಳ್ಳಿಗೆ ಹೋಗುವ ದಾರಿಯಲ್ಲಿ, ಯಾರೂ ಕಾಣದ ಹೊಂಗೆಯ ಮರದ ಮರೆಯಲ್ಲಿ, ಸೇದುತ್ತಿದ್ದೆವು. ಒಂದು ಸಂಜೆ ಕುಣಿಗಲ್ ಕಡೆಯ ಒಂದು ಮನೆಯಲ್ಲಿ ಪ್ರಾರ್ಥನೆ ಮುಗಿಸಿ, ಚಿಕ್ಕ ಹುಡುಗಿಯೊಬ್ಬಳಿಗೆ ಹಾಡಿನ ಪುಸ್ತಕವನ್ನು ಕೊಟ್ಟೆವು. ಮಗುವು ಅದನ್ನು ಮೂಸಿ ನೋಡಿ, ಇದು ತಾತನ ವಾಸನೆಯೆಂದು ತಾಯಿಗೆ ಹೇಳಿತು. ಆ ತಾತನು ಎರಡು ತಿಂಗಳ ಹಿಂದೆ ಕೆಮ್ಮಿ ಕೆಮ್ಮಿ ತೀರಿಕೊಂಡಿದ್ದನು. ಮಣ್ಣು ಮಾಡಿದಾಗ ಪ್ರಾರ್ಥಿಸಿದವರು ನಾವೇ. ತಾಯಿಯು ತಲೆ ತಗ್ಗಿಸಿದಳು, ನಾವೂ ತಗ್ಗಿಸಿದೆವು. ಬಿಡುವದಕ್ಕೆ ನಮಗೂ ಒಂದೇ ದಿನ ಸಾಲಲಿಲ್ಲ. ಮೂರು ಸಾರಿ ಬಿಟ್ಟು ನಾಲ್ಕನೆಯ ಸಾರಿ ಗೆದ್ದೆವು.

ಯಜಮಾನನು ಯಾರು?

ಹೊಗೇಸೊಪ್ಪನ್ನು ತಾನು ಗೆದ್ದ ಮೇಲೆ ಗಾಫನು ಚಟಗಳ ಬಲದ ವಿಷಯವಾಗಿ ಮಾಡಿದ ಉಪನ್ಯಾಸದಲ್ಲಿ ಒಬ್ಬ ಮನುಷ್ಯನ ಕಥೆಯನ್ನು ಅಭಿನಯಿಸಿ ತೋರಿಸುತ್ತಿದ್ದನು. ಆ ಮನುಷ್ಯನು ಬಹುಕಾಲದಿಂದ ಹೊಗೇಸೊಪ್ಪನ್ನು ಅಗಿಯುತ್ತಿದ್ದವನು. ಒಂದು ದಿನ ಜೇಬಿನ ಉಂಡೆಯನ್ನು ಬಿಸಾಡಿ, ಇಲ್ಲಿಗೆ ಮುಗಿಯಿತೆಂದುಕೊಂಡನು. ಮುಗಿಯಲಿಲ್ಲ; ಅಲ್ಲಿಂದಲೇ ಆರಂಭವಾಯಿತು. ಬಾಯಿ ಹಾತೊರೆಯಿತು. ಕಹಿ ಬೇರುಗಳನ್ನು ಅಗಿದನು, ಹಲ್ಲುಕಡ್ಡಿಗಳನ್ನು ಕಡಿದನು, ಏನೂ ಸಾಲಲಿಲ್ಲ. ಕೊನೆಗೆ ಅಂಗಡಿಗೆ ಹೋಗಿ ಇನ್ನೊಂದು ಉಂಡೆಯನ್ನು ಕೊಂಡು, ಅದನ್ನು ಅಂಗೈಯಲ್ಲಿಟ್ಟು ದಿಟ್ಟಿಸಿ ನೋಡಿದನು. ನೀನು ಒಂದು ಸೊಪ್ಪು, ನಾನು ಒಬ್ಬ ಮನುಷ್ಯನು. ನಮ್ಮಿಬ್ಬರಲ್ಲಿ ಯಜಮಾನನು ಯಾರೆಂದು ಇಂದು ತೀರ್ಮಾನವಾಗಬೇಕು ಎಂದು ಅದರ ಸಂಗಡ ವಾದಿಸಿದನು. ಅದನ್ನು ಬಾಯಿಗೆ ಹಾಕದೆ ಜೇಬಿನಲ್ಲಿಯೇ ಇಟ್ಟುಕೊಂಡು, ಆಸೆ ಬಂದಾಗಲೆಲ್ಲಾ ತೆಗೆದು ಅದೇ ಪ್ರಶ್ನೆಯನ್ನು ಕೇಳುತ್ತಾ, ವಾರಗಳ ತನಕ ಹೋರಾಡಿ ಗೆದ್ದನು.

ಈ ಕಥೆಯನ್ನು ಕೇಳಿ ಜನರು ಮೊದಲು ನಗುತ್ತಿದ್ದರು. ಒಂದು ಎಲೆಯ ಚೂರಿನ ಸಂಗಡ ವಾದಿಸುವ ಮನುಷ್ಯನನ್ನು ಕಂಡು ಯಾರು ನಗರು? ಆದರೆ ಆ ನಗುವಿನೊಳಗೆ ತಮ್ಮ ತಮ್ಮ ಜೇಬು ಅವರಿಗೆ ನೆನಪಾಗುತ್ತಿತ್ತು. ಜೇಬಿನಲ್ಲಿ ಇಟ್ಟುಕೊಂಡು ಬಿಡಬೇಕೆಂದು ನಾವು ಯಾರಿಗೂ ಹೇಳೆವು. ಅನೇಕರಿಗೆ ಮನೆಯಲ್ಲಿಯೂ ಇಡದಿರುವದೇ ಕ್ಷೇಮ. ಪ್ರಶ್ನೆಯು ಮಾತ್ರ ಎಲ್ಲರಿಗೂ ಒಂದೇ.

ಗಾಫನಿಗೆ ತಿಳಿಯದೆ ಇದ್ದದ್ದು

ಹೊಗೇಸೊಪ್ಪು ಕೆಟ್ಟದ್ದೆಂದು ಗಾಫನಿಗೆ ಅನುಭವದಿಂದ ಗೊತ್ತಿತ್ತು. ಎಷ್ಟು ಕೆಟ್ಟದ್ದೆಂಬದು ಆಗಿನ ವೈದ್ಯರಿಗೂ ಗೊತ್ತಿರಲಿಲ್ಲ. 1950ರಲ್ಲಿ ಇಂಗ್ಲೆಂಡಿನ ರಿಚರ್ಡ್ ಡಾಲ್, ಬ್ರಾಡ್‌ಫರ್ಡ್ ಹಿಲ್ ಎಂಬ ಇಬ್ಬರು ಪಂಡಿತರು ಆಸ್ಪತ್ರೆಗಳ ರೋಗಿಗಳನ್ನು ವಿಚಾರಿಸಿ, ಶ್ವಾಸಕೋಶದ ಕ್ಯಾನ್ಸರಿಗೂ ಧೂಮಪಾನಕ್ಕೂ ಇರುವ ಸಂಬಂಧವನ್ನು ತೋರಿಸಿದರು. ಬಿಡದೆ ಸೇದುವವರಲ್ಲಿ ಸುಮಾರು ಅರ್ಧ ಜನರು ಅದರಿಂದಲೇ ಸಾಯುವರೆಂದೂ, ಅವರ ಆಯುಷ್ಯವು ಸರಾಸರಿ ಹತ್ತು ವರುಷ ಕಡಿಮೆಯಾಗುವದೆಂದೂ ಡಾಲ್ ಮುಂತಾದವರು ಐವತ್ತು ವರುಷಗಳ ವಿಚಾರಣೆಯಿಂದ ಕಂಡುಕೊಂಡು 2004ರಲ್ಲಿ ಪ್ರಕಟಿಸಿದರು. ಒಂದು ಬೀಡಿಗೆ ಏನಾದೀತೆಂದು ಹೇಳುವವರು ಇದನ್ನು ಯೋಚಿಸಬೇಕು. ಬೀಡಿಯ ಎಲೆಯಲ್ಲಿ ಗಾಳಿ ಸುಲಭವಾಗಿ ಆಡದಾದದರಿಂದ, ಅದು ಆರದಂತೆ ಮೇಲಿಂದ ಮೇಲೆ ಜೋರಾಗಿ ಎಳೆಯಬೇಕಾಗುವದು; ಹೀಗೆ ಚಿಕ್ಕ ಬೀಡಿಯ ವಿಷವು ಸಿಗರೇಟಿನದಕ್ಕಿಂತ ಕಡಿಮೆಯಾಗುವದಿಲ್ಲ.

ಅಗಿಯುವವರೂ ತಪ್ಪಿಸಿಕೊಳ್ಳಲಾರರು. ಎಲೆಯಡಿಕೆಯ ಸಂಗಡ ದವಡೆಯಲ್ಲಿಡುವ ಹೊಗೇಸೊಪ್ಪಿನಿಂದ ಬಾಯಿಯ ಕ್ಯಾನ್ಸರು ಬರುವದು. ಅಡಿಕೆಯೊಂದರಿಂದಲೇ ಬರಬಹುದೆಂದು ಸಹ ಪಂಡಿತರು ಹೇಳುತ್ತಾರೆ. ಅಡಿಕೆಯ ತೋಟಗಳ ನಡುವೆ ಬಾಳುವ ಗುಬ್ಬಿಯ ಕಡೆಯವರಿಗೆ ಇದು ಕೇಳುವದಕ್ಕೆ ಕಹಿ, ಆದರೂ ಹೇಳಬೇಕಾದದ್ದು. ಬಾಯೊಳಗೆ ಮಾಯದ ಹುಣ್ಣಾಗಲಿ, ಬಿಳೀ ಮಚ್ಚೆಯಾಗಲಿ ಕಂಡರೆ ತಡಮಾಡದೆ ವೈದ್ಯರಿಗೆ ತೋರಿಸಬೇಕು.

ನಮ್ಮ ಸರಕಾರವು 2008ರ ಅಕ್ಟೋಬರ್ 2ರಿಂದ ಸಾರ್ವಜನಿಕ ಸ್ಥಳಗಳಲ್ಲಿ ಧೂಮಪಾನವನ್ನು ನಿಷೇಧಿಸಿತು. ಕರ್ನಾಟಕದಲ್ಲಿ 2013ರಲ್ಲಿ ಗುಟ್ಕಾ ನಿಷೇಧವಾಯಿತು. ಕಾನೂನು ಬಸ್ಸಿನ ನಿಲ್ದಾಣದ ತನಕ ಬರುವದು. ಮನೆಯ ಹಿತ್ತಲಿಗೆ ಬರಲಾರದು.

ತುಮಕೂರು ಪಟ್ಟಣದಲ್ಲಿ ಮೊರವನ್ನು ತೊಡೆಯ ಮೇಲಿಟ್ಟುಕೊಂಡು ಬೀಡಿ ಕಟ್ಟಿ ಮಕ್ಕಳನ್ನು ಸಾಕುವ ತಾಯಂದಿರನ್ನು ನಾವು ಬಲ್ಲೆವು. ಅವರನ್ನು ದೂಷಿಸುವದಕ್ಕೆ ಇದನ್ನು ಬರೆದದ್ದಲ್ಲ. ಆ ಪುಡಿಯು ಸೇದದವರಾದ ಅವರ ಕೈಗೂ ಉಸಿರಿಗೂ ಸೇರುವದು. ಆ ಮನೆಯ ಹೆಣ್ಣುಮಕ್ಕಳಾದರೂ ಬೇರೆ ಕಸುಬನ್ನು ಕಲಿಯುವಂತೆ ಸಹಾಯಮಾಡುವದು ಬೀಡಿಯ ವಿರುದ್ಧ ಮಾತಾಡುವವರೆಲ್ಲರ ಮೇಲೆ ಬಿದ್ದ ಋಣವಾಗಿದೆ.

ಕೊನೆಯ ದಿನಗಳು

ಗಾಫನು 1853ರಲ್ಲಿ ತಾನು ಹುಟ್ಟಿದ ಇಂಗ್ಲೆಂಡಿಗೆ ಹೋಗಿ ಲಂಡನಿನ ಎಕ್ಸಟರ್ ಹಾಲಿನಲ್ಲಿ ಭಾಷಣ ಮಾಡಿದನು. ಹನ್ನೆರಡನೆಯ ವಯಸ್ಸಿನಲ್ಲಿ ಬಡತನದಿಂದ ದೇಶ ಬಿಟ್ಟ ಹುಡುಗನನ್ನು ನೋಡುವದಕ್ಕೆ ಸಾವಿರಾರು ಜನರು ನೂಕಾಡಿದರು. 1857ರಲ್ಲಿಯೂ 1878ರಲ್ಲಿಯೂ ತಿರುಗಿ ಹೋದನು. ವರ್ಸೆಸ್ಟರಿನ ಹತ್ತಿರ ಬಾಯ್ಲ್‌ಸ್ಟನ್ ಎಂಬಲ್ಲಿ ಹೊಲಮನೆಯನ್ನು ಮಾಡಿಕೊಂಡಿದ್ದರೂ ಅಲ್ಲಿ ವಿಶ್ರಮಿಸಿಕೊಂಡದ್ದು ಸ್ವಲ್ಪವೇ. ಒಟ್ಟು ಸುಮಾರು 9,600 ಭಾಷಣಗಳನ್ನು ಮಾಡಿದನೆಂದೂ, ಕೇಳಿದವರು ತೊಂಬತ್ತು ಲಕ್ಷಕ್ಕೆ ಹೆಚ್ಚೆಂದೂ ಲೆಕ್ಕ ಹಾಕಿರುವರು.

1886ರ ಫೆಬ್ರವರಿ 15ರಂದು ಫಿಲಡೆಲ್ಫಿಯಾ ಪಟ್ಟಣದ ಒಂದು ದೇವಾಲಯದಲ್ಲಿ, ಯೌವನಸ್ಥರು ತಮ್ಮ ಜೀವಿತದ ಲೆಕ್ಕವನ್ನು ಶುಚಿಯಾಗಿ ಇಟ್ಟುಕೊಳ್ಳಬೇಕೆಂದು ಹೇಳುತ್ತಿರುವಾಗಲೇ, ಆತನು ಪಾರ್ಶ್ವವಾಯು ಬಡಿದು ವೇದಿಕೆಯ ಮೇಲೆ ಬಿದ್ದನು. ಮೂರು ದಿನಗಳ ಮೇಲೆ, 18ರಂದು, ತೀರಿಕೊಂಡನು. ಆತನ ಸ್ವಂತ ಲೆಕ್ಕದ ಪುಸ್ತಕದಲ್ಲಿ ಹಾಳಾದ ಪುಟಗಳು ಎಷ್ಟಿದ್ದವೆಂಬದನ್ನು ಕೇಳುವವರೆಲ್ಲರೂ ಅರಿತಿದ್ದರು, ಆತನೇ ಹೇಳಿದ್ದನು. ಆದದರಿಂದಲೇ ಆ ಮಾತಿಗೆ ಬೆಲೆಯಿತ್ತು.

ಪ್ರಿಯ ವಾಚಕರೇ, 9,600 ಭಾಷಣಗಳು ನಮ್ಮಿಂದ ಆಗಲಾರವು. ಆದರೆ ಸ್ಟ್ರಾಟನನು ಮಾಡಿದ್ದು ಎಷ್ಟು? ಒಂದು ಸಂಜೆ ಒಬ್ಬನ ಹೆಗಲನ್ನು ಮುಟ್ಟಿದನು; ಮಾರಣೆಯ ದಿನ ಆತನ ಸಂಗಡ ಇದ್ದನು. ನಿಮ್ಮ ಊರಿನಲ್ಲಿ ಬೀಡಿಯನ್ನು ಬಿಡಬೇಕೆಂದು ಮನಸ್ಸುಳ್ಳ ಒಬ್ಬನು ಖಂಡಿತವಾಗಿ ಇರುವನು. ಆತನಿಗೆ ಭಾಷಣ ಬೇಡ. ಮೊದಲನೆಯ ವಾರವು ಬಹು ಕಠಿಣವಾದದ್ದು. ಆ ವಾರದ ಸಂಜೆಗಳಲ್ಲಿ ಆತನ ಜಗಲಿಗೆ ಹೋಗಿ ಕೂತುಕೊಳ್ಳಿರಿ. ಹುರಿದ ಕಡಲೆಯನ್ನೋ ಕೊಬ್ಬರಿ ಚೂರನ್ನೋ ಸಂಗಡ ಒಯ್ಯಿರಿ. ಬಿದ್ದರೆ ಬಯ್ಯಬೇಡಿರಿ, ಗಾಫನೂ ಬಿದ್ದನು, ನಾವೂ ಬಿದ್ದೆವು. ಓದು ಬಲ್ಲವರು 1800-11-2356 ಎಂಬ ಸರಕಾರದ ಉಚಿತ ದೂರವಾಣಿಗೆ ಆತನ ಪರವಾಗಿ ಕರೆಮಾಡಿ, ಬಿಡುವ ರೀತಿಯನ್ನು ಕೇಳಿ ತಿಳಿಸಬಹುದು. ನಾಲ್ವತ್ತು ವರುಷದೊಳಗೆ ಬಿಟ್ಟವರು ಧೂಮಪಾನದಿಂದ ಬರುವ ಮರಣದ ಅಪಾಯದ ಬಹು ಪಾಲನ್ನು ತಪ್ಪಿಸಿಕೊಳ್ಳುವರು. ಅರುವತ್ತರಲ್ಲಿ ಬಿಟ್ಟರೂ ಕೆಲವು ವರುಷಗಳು ತಿರುಗಿ ಸಿಗುವವು.

ಹಾಗೆ ಹೊರಡುವದಕ್ಕೆ ಮೊದಲು ನಮ್ಮಲ್ಲಿ ಪ್ರತಿಯೊಬ್ಬನೂ, ಮುಖ್ಯವಾಗಿ ಬೇರೆಯವರಿಗೆ ಬೋಧಿಸುವವನು, ತನ್ನ ಟೊಪ್ಪಿಗೆಯನ್ನು ಒಂದು ಸಾರಿ ತೆಗೆದು ಒಳಗೆ ನೋಡಿಕೊಳ್ಳಲಿ. ಮಕ್ಕಳು ಎದುರಿಗೆ ಕೂತಿರುವರು.